ಸೋಡಾ ಕೊನೆಗೇ ಹಾಕಬೇಕು

17 ಮೇ 2025, ಶನಿವಾರ

ಇವತ್ತು ಅಕ್ಕನ ಮಗಳಿಗೆ ಹತ್ತು ತುಂಬಿತು. ಹಣ್ಣಿನ ಪಂಚ್ ನಾನೇ ಮಾಡ್ತೀನಿ ಅಂತ ಮೊದಲೇ ಹೇಳಿದ್ದೆ. ಹೋದ ವರ್ಷದ್ದು ಮನಸ್ಸಲ್ಲಿ ಕೊರೆಯುತ್ತಲೇ ಇತ್ತು. ಆಗ ಬೆಳಿಗ್ಗೆಯೇ ಸೋಡಾ ಬೆರೆಸಿಟ್ಟಿದ್ದೆ. ಸಂಜೆ ನೋಡಿದರೆ ಗ್ಯಾಸೆಲ್ಲ ಹೋಗಿ ಬರೀ ಸಿಹಿನೀರು. ಮಕ್ಕಳು ಅರ್ಧ ಕುಡಿದು ಲೋಟ ಇಟ್ಟುಬಿಟ್ಟರು.

ಸೋಡಾದ ಗುಳ್ಳೆ ಅಂದರೆ ನೀರಲ್ಲಿ ಕರಗಿರುವ ಕಾರ್ಬನ್ ಡೈಆಕ್ಸೈಡ್. ನೀರು ತಣ್ಣಗಿದ್ದಷ್ಟೂ ಅದು ಒಳಗೇ ಉಳಿಯುತ್ತದೆ, ಬೆಚ್ಚಗಾದರೆ ಹೊರಗೆ ಓಡುತ್ತದೆ. ಹಾಗಾಗಿ ಈ ಸಲ ರಸ, ಸೋಡಾ, ಕೊನೆಗೆ ಪಾತ್ರೆ ಕೂಡ ರಾತ್ರಿಯೇ ಫ್ರಿಜ್ಜಿಗೆ ಹೋಯಿತು.

ಹದಿನೈದು ಜನಕ್ಕೆ ಅಂತ 1 ಲೀಟರ್ ಕಿತ್ತಳೆ ರಸ, ಅರ್ಧ ಲೀಟರ್ ಅನಾನಸ್ ರಸ, ನಾಲ್ಕು ನಿಂಬೆಹಣ್ಣು ತೆಗೆದುಕೊಂಡೆ. ಮೂರರ ರಸವನ್ನೂ ಸೋಸಿದೆ. ತಿರುಳಿನ ಚೂರು ಇದ್ದರೆ ಗುಳ್ಳೆಗಳು ಅದಕ್ಕೆ ಅಂಟಿಕೊಂಡು ಬೇಗ ಮೇಲೆ ಬಂದುಬಿಡುತ್ತವೆ. ಸಕ್ಕರೆಯದೂ ಅದೇ ಕಥೆ. ಸೋಡಾ ಹಾಕಿದ ಮೇಲೆ ಸಿಹಿ ಸಾಲದು ಅಂತ ಒಂದು ಚಮಚ ಸಕ್ಕರೆ ಸುರಿದರೆ ನೊರೆ ಉಕ್ಕಿ ಪಾತ್ರೆಯಿಂದ ಆಚೆ ಬರುತ್ತದೆ. ಅದಕ್ಕೇ ಒಂದು ಕಪ್ ಸಕ್ಕರೆಗೆ ಒಂದು ಕಪ್ ನೀರು ಹಾಕಿ, ಶುಂಠಿ ಜಜ್ಜಿ ಕುದಿಸಿ, ಆರಿಸಿ, ರಸಕ್ಕೆ ಸೇರಿಸಿದೆ. ರುಚಿ ನೋಡಿದಾಗ ಸ್ವಲ್ಪ ಜಾಸ್ತಿಯೇ ಸಿಹಿ ಅನ್ನಿಸಬೇಕು. ತಣ್ಣಗಿರುವಾಗ ನಾಲಿಗೆಗೆ ಸಿಹಿ ಕಡಿಮೆ ಗೊತ್ತಾಗುತ್ತದೆ, ಮೇಲೆ ಸೋಡಾವೂ ಬೀಳುತ್ತದಲ್ವಾ.

ಐಸ್ ಬಗ್ಗೆ ನನಗೆ ತುಂಬಾ ಹಟ. ಸಣ್ಣ ತುಂಡು ಬೇಡವೇ ಬೇಡ, ಕರಗಿ ಎಲ್ಲ ನೀರು ನೀರಾಗುತ್ತದೆ. ಒಂದು ಬಟ್ಟಲಲ್ಲಿ ಕಿತ್ತಳೆ ರಸವನ್ನೇ ಹಾಕಿ, ಅನಾನಸ್ ಹೋಳು, ದಾಳಿಂಬೆ ಕಾಳು ಸೇರಿಸಿ ಗಟ್ಟಿ ಮಾಡಿದ್ದೆ. ದೊಡ್ಡ ಗಡ್ಡೆ ನಿಧಾನ ಕರಗುತ್ತದೆ, ಕರಗಿದರೂ ರಸವೇ. ಆ ಗಡ್ಡೆ ಮಧ್ಯದಲ್ಲಿ ತೇಲುವುದು ಎಷ್ಟು ಚೆಂದ!

ಮಕ್ಕಳೆಲ್ಲ ಬಂದು ಕೂತ ಮೇಲೆ ಒಂದೂವರೆ ಲೀಟರ್ ಸೋಡಾ ತೆಗೆದೆ. ಪಾತ್ರೆಯ ಅಂಚಿಗೆ ತಾಗಿಸಿ, ಮೆಲ್ಲಗೆ. ಸೌಟಿನಿಂದ ತಳದಿಂದ ಮೇಲಕ್ಕೆ ಎರಡೇ ಸಲ ಎತ್ತಿದೆ, ಅಷ್ಟೇ. ಹುಟ್ಟುಹಬ್ಬದ ಹುಡುಗಿ ಪಾತ್ರೆಗೆ ಕಿವಿ ಕೊಟ್ಟು, "ಚಿಕ್ಕಮ್ಮ, ಚಟಪಟ ಅಂತಿದೆ!" ಅಂದಳು. ಉಳಿದವರೂ ಸಾಲಾಗಿ ಬಂದು ಕಿವಿಯಿಟ್ಟರು.

ಅರ್ಧ ಗಂಟೆಯಲ್ಲಿ ಪಾತ್ರೆ ಖಾಲಿ. ತಳದಲ್ಲಿ ಉಳಿದಿದ್ದ ಐಸಿನ ಚೂರಿಂದ ದಾಳಿಂಬೆ ಕಾಳು ಹೆಕ್ಕಿಕೊಂಡು ಇಬ್ಬರು ಪುಟಾಣಿಗಳು ಅಲ್ಲೇ ಕೂತಿದ್ದರು. ಇನ್ನೊಂದು ಪಾತ್ರೆಗೆ ಆಗುವಷ್ಟು ಮಾಡಿಡಬೇಕಿತ್ತು.