ಬದುವಿನ ಸಾಗುವಾನಿ

ಬೆಳಿಗ್ಗೆ ತೋಟಕ್ಕೆ ಹೋಗಿ ಬದುವಿನ ಸಾಗುವಾನಿ ಗಿಡಗಳ ಪಕ್ಕದ ಕೊಂಬೆ ಸವರಿ ಬಂದೆ, ಎಳೇದಿದ್ದಾಗ್ಲೇ ಸವರಿಲ್ಲ ಅಂದ್ರೆ ಮುಂದೆ ಹಲಗೆ ಕೊಯ್ಯುವಾಗ ಗಂಟು ಸಿಗತ್ತೆ. ಮಗಳು ಚಿಗುರೆಲೆ ಕಿತ್ತು ಅಂಗೈಲಿ ತಿಕ್ಕಿದ್ಲು, ಕೈಯೆಲ್ಲಾ ಕುಂಕುಮ ಕಲಸಿದ ಹಾಗೆ ಕೆಂಪು. ಹದಿನೈದು ವರ್ಷಕ್ಕೆ ಕೋಟಿ ಅಂತ ಸಸಿ ಮಾರೋರು ಹೇಳ್ತಾರೆ, ದಯವಿಟ್ಟು ನಂಬಬೇಡಿ, ಆ ವಯಸ್ಸಲ್ಲಿ ಕಡಿದ್ರೆ ಹೊರಗಿನ ಬಿಳಿ ಭಾಗ ಜಾಸ್ತಿ, ಬಾಗಿಲಿಗೆ ಬೇಕಾದ ಕೆಚ್ಚು, ಅಂದ್ರೆ ಒಳಗಿನ ಗಟ್ಟಿ ಭಾಗ, ಕಟ್ಟೋಕೆ ಟೈಮ್ ಬೇಕು. ಕೇರಳದ ನಿಲಂಬೂರಲ್ಲಿ 1840ರ ದಶಕದಲ್ಲಿ ಬ್ರಿಟಿಷರ ಕಾಲದ ಅರಣ್ಯಾಧಿಕಾರಿ ಚಾತು ಮೆನನ್ ಬೆಳೆಸಿದ ತೇಗ ಇನ್ನೂ ನಿಂತಿದೆ, ಒಬ್ಬರ ತೋಳಿಗೆ ಸಿಗೋ ದಪ್ಪ ಅಲ್ಲ ಅದು. ನಮ್ಮ ಗಿಡದ ಬಾಗಿಲು ಯಾರ ಮನೆಗೋ, ಮೊಮ್ಮಗಳ ಮನೆಗೇ ಇರ್ಬೋದು. ಮಧ್ಯದ ನಾಲ್ಕು ಸಣಕಲು ಗಿಡ ತೆಗೆದ್ರೆ ಉಳಿದವು ದಪ್ಪ ಆಗ್ತವೆ, ಗೊತ್ತು, ಆದ್ರೂ ಮಚ್ಚು ಎತ್ತೋಕೆ ಮನಸ್ಸು ಬರ್ತಿಲ್ಲ.