ಬೀಜಿಂಗ್‌ನ ಮಾರ್ಬರಿ

ನಿನ್ನೆ ರಾತ್ರಿ ಬಾಸ್ಕೆಟ್‌ಬಾಲ್ ಆಟಗಾರ ಸ್ಟೆಫಾನ್ ಮಾರ್ಬರಿಯ ಹಳೆಯ ವಿಡಿಯೋಗಳನ್ನು ಸುಮ್ನೆ ನೋಡುತ್ತಾ ಕೂತಿದ್ದೆ.

ನ್ಯೂಯಾರ್ಕ್‌ನ ಕೋನಿ ಐಲ್ಯಾಂಡ್ ಹುಡುಗ. ಅಮೆರಿಕದ ದೊಡ್ಡ ಬಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎಯ 1996ರ ಡ್ರಾಫ್ಟ್‌ನಲ್ಲಿ, ಅಂದರೆ ತಂಡಗಳು ಹೊಸ ಆಟಗಾರರನ್ನು ಆರಿಸಿಕೊಳ್ಳುವಾಗ, ನಾಲ್ಕನೆಯವನಾಗಿ ಆಯ್ಕೆಯಾದವನು. ಎರಡು ಸಲ ಆಲ್‌ಸ್ಟಾರ್, ಅಂದರೆ ಲೀಗ್‌ನ ಆಯ್ದ ತಾರೆಗಳ ಪಂದ್ಯಕ್ಕೆ ಆಯ್ಕೆಯಾದವನು. ಕೊನೆಗೆ ತನ್ನದೇ ಊರಿನ ನಿಕ್ಸ್ ತಂಡದ ಜೊತೆ ಸಂಬಂಧ ಹಳಸಿತು. 2009ಕ್ಕೆ ಎನ್‌ಬಿಎ ಆಟ ಮುಗಿದೇಹೋಯಿತು.

2010ರಲ್ಲಿ ಚೀನಾಕ್ಕೆ ಹೋದ. ಮೊದಲು ಶಾನ್ಸಿ, ಆಮೇಲೆ ಫೋಶಾನ್, ನಂತರ ಬೀಜಿಂಗ್ ಡಕ್ಸ್ ತಂಡ. ಅವನು ಪಾಯಿಂಟ್ ಗಾರ್ಡ್. ಪಾಯಿಂಟ್ ಗಾರ್ಡ್ ಅಂದರೆ ಅಂಕಣದಲ್ಲಿ ಎಲ್ಲರ ಜೊತೆ ಮಾತಾಡುತ್ತಲೇ ಇರಬೇಕಾದವನು. ಯಾರು ಎಲ್ಲಿ ನಿಲ್ಲಬೇಕು, ಚೆಂಡು ಯಾರಿಗೆ ಹೋಗಬೇಕು, ಎಲ್ಲ ಅವನೇ ಹೇಳಬೇಕು. ಭಾಷೆಯೇ ಬಾರದ ಊರಲ್ಲಿ ಅದು ಎಷ್ಟು ಕಷ್ಟ ಅಲ್ವಾ? ಆದರೂ 2012, 2014, 2015, ಮೂರು ಸಲ ಡಕ್ಸ್ ತಂಡವನ್ನು ಚೀನಾದ ಲೀಗ್‌ನಲ್ಲಿ ಚಾಂಪಿಯನ್ ಮಾಡಿದ. ಬೀಜಿಂಗ್‌ನಲ್ಲಿ ಅವನ ಪ್ರತಿಮೆಯೇ ನಿಂತಿತು. ಚೀನಾದ ಗ್ರೀನ್ ಕಾರ್ಡ್, ಅಂದರೆ ಅಲ್ಲೇ ಕಾಯಂ ಆಗಿ ನೆಲೆಸುವ ಅನುಮತಿ, ಕೂಡ ಸಿಕ್ಕಿತು. ಅದು ವಿದೇಶಿಯರಿಗೆ ಸುಲಭಕ್ಕೆ ಸಿಗುವಂಥದ್ದಲ್ಲ.

2012ರಲ್ಲಿ ಮೊದಲ ಸಲ ಗೆದ್ದಾಗ ಅವನು ಅತ್ತುಬಿಟ್ಟ. ನನ್ನ ಕಣ್ಣೂ ತುಂಬಿ ಬಂತು. ಮನೆಯಿಂದ ಅಷ್ಟು ದೂರ ಬಂದು, ಗೊತ್ತಿಲ್ಲದ ಜನರ ನಡುವೆ ಮತ್ತೆ ಮೊದಲಿಂದ ಶುರು ಮಾಡಿದವನು.

2018ರಲ್ಲಿ ನಿವೃತ್ತಿಯಾದ. ಮರುವರ್ಷ ಅದೇ ಬೀಜಿಂಗ್‌ನಲ್ಲಿ ಬೇರೊಂದು ತಂಡಕ್ಕೆ ಕೋಚ್ ಆದ.