ದನದ ಡಾಕ್ಟರಿಗೆ ಕಾಡಿನ ಉಸಾಬರಿ ಯಾಕೆ?

ಮದುವೆ ಮನೆಯಲ್ಲಿ ಊಟಕ್ಕೆ ಕೂತರೂ ಈ ಪ್ರಶ್ನೆ ಬರುತ್ತದೆ, ಡೇರಿ ಮುಂದೆ ನಿಂತರೂ ಬರುತ್ತದೆ. "ಡಾಕ್ಟ್ರೇ, ನೀವು ದನಕ್ಕೆ ಔಷಧಿ ಕೊಡೋರು. ಅದು ಬಿಟ್ಟು ಮಂಗ, ಉಣುಗು, ಅಕೇಶಿಯಾ, ಮನುಷ್ಯರ ಜ್ವರ ಅಂತೆಲ್ಲ ಯಾಕೆ ಬರೀತೀರಿ?"

ಯಾಕೆ ಅಂದರೆ, ಮಲೆನಾಡಿನ ಕೊಟ್ಟಿಗೆಯಲ್ಲಿ ನಿಂತು ಕಾಯಿಲೆಯ ಮೂಲ ಹುಡುಕಿದರೆ ಎಷ್ಟೋ ಸಲ ಅದು ಬೇಲಿಯಾಚೆ ಸಿಗುತ್ತದೆ. ಔಷಧಿ ಚೀಟಿಯಲ್ಲಿ ಅದನ್ನೆಲ್ಲ ಬರೆಯಲು ಜಾಗ ಇಲ್ಲ. ಹಾಗಾಗಿ ಬೇರೆ ಕಡೆ ಬರೆಯುತ್ತೇನೆ.

ಬೇಸಿಗೆಯಲ್ಲಿ ನಾವು ನೋಡುವ ಒಂದು ಕೇಸ್ ಹೇಳುತ್ತೇನೆ. ಕಪ್ಪು-ಬಿಳಿ ಮಚ್ಚೆಯ ಮಿಶ್ರತಳಿ ಹಸು. ಮೇವು ಬಿಟ್ಟಿದೆ, ಸಗಣಿ ಗಟ್ಟಿ, ಕಣ್ಣಿನ ಬಿಳಿಭಾಗ ಹಳದಿ. ಮೈಮೇಲೆ ಬಿಳಿ ಇರುವ ಕಡೆ ಮಾತ್ರ ಚರ್ಮ ಬಿರಿದು ಎದ್ದು ಬರುತ್ತಿದೆ. ಕಪ್ಪು ಮಚ್ಚೆ ಶುರುವಾಗುವಲ್ಲಿಗೆ ಹುಣ್ಣು ಸರಿಯಾಗಿ ನಿಂತಿದೆ, ಗೆರೆ ಹೊಡೆದ ಹಾಗೆ. ಮನೆಯವರಿಗೆ ಯಾರೋ ಆಸಿಡ್ ಎರಚಿದ್ದಾರೆ ಅನ್ನುವ ಗುಮಾನಿ. ಪಕ್ಕದ ಮನೆಯವರ ಜೊತೆ ಜಗಳ ಇದ್ದರಂತೂ ಮುಗಿದೇ ಹೋಯಿತು.

ಅದು ಲಂಟಾನ ಪೊದೆಯ ಸೊಪ್ಪು ತಿಂದ ಹಸು. ಲಂಟಾನದ ವಿಷ ಲಿವರನ್ನು ಕೆಡಿಸುತ್ತದೆ, ಪಿತ್ತ ಸರಾಗವಾಗಿ ಹರಿಯುವುದಿಲ್ಲ. ಮೇವಿನ ಹಸಿರು ಹೊಟ್ಟೆಯಲ್ಲಿ ಜೀರ್ಣವಾದಾಗ ಹುಟ್ಟುವ ಒಂದು ಪದಾರ್ಥ ಪಿತ್ತದ ಜೊತೆ ಹೊರಗೆ ಹೋಗಬೇಕು. ದಾರಿ ಕಟ್ಟಿದ ಮೇಲೆ ಅದು ರಕ್ತದಲ್ಲೇ ಉಳಿದು ಚರ್ಮಕ್ಕೆ ಬರುತ್ತದೆ. ಅದರ ಮೇಲೆ ಬಿಸಿಲು ಬಿದ್ದರೆ ಚರ್ಮ ಸುಡುತ್ತದೆ. ಕಪ್ಪು ಚರ್ಮಕ್ಕೆ ಅದರ ಬಣ್ಣವೇ ರಕ್ಷಣೆ, ಬಿಳಿಗೆ ಅದಿಲ್ಲ. ಹಸುವನ್ನು ನೆರಳಲ್ಲಿ ಕಟ್ಟಬೇಕು, ಇದ್ದಿಲ ಪುಡಿಯ ಔಷಧಿ ಕುಡಿಸಬೇಕು. ಹೊಟ್ಟೆಯಲ್ಲಿ ಉಳಿದ ಸೊಪ್ಪು ವಿಷ ಬಿಡುತ್ತಲೇ ಇರುತ್ತದೆ, ಅದಕ್ಕೇ ಬೇಗ ಕರೆಯಿರಿ ಅನ್ನೋದು.

ನನ್ನ ಕೆಲಸ ಅಲ್ಲಿಗೆ ಮುಗಿಯಬೇಕು. ಆದರೆ ಬೇರೆ ಮೇವು ಇರುವಾಗ ದನ ಸಾಮಾನ್ಯವಾಗಿ ಲಂಟಾನಕ್ಕೆ ಬಾಯಿ ಹಾಕುವುದಿಲ್ಲ. ಇದು ಯಾಕೆ ಹಾಕಿತು? ಮೇಯುವ ಗುಡ್ಡ ಎಲ್ಲಿ ಅಂತ ಕೇಳಿದರೆ ಅಕೇಶಿಯಾ ತೋಪಿನ ಕಡೆ ಕೈ ತೋರಿಸುತ್ತಾರೆ. ಅದರ ಅಡಿಯಲ್ಲಿ ದಪ್ಪಗೆ ಎಲೆ ಬಿದ್ದಿರುತ್ತದೆ, ಹುಲ್ಲು ಹುಡುಕಬೇಕು. ಅಂಚಿನಲ್ಲಿ ಲಂಟಾನ. ಈಗ ಹೇಳಿ, ಅಕೇಶಿಯಾ ಬಗ್ಗೆ ನಾನು ಬರೆಯಬಾರದಾ?

ಇನ್ನು ಮಂಗನ ಕಾಯಿಲೆ. ನಮ್ಮ ಶಿವಮೊಗ್ಗ ಜಿಲ್ಲೆಯ ಕಾಡೊಂದರ ಹೆಸರನ್ನು ಪ್ರಪಂಚದ ವೈದ್ಯರ ಪುಸ್ತಕಕ್ಕೆ ಸೇರಿಸಿದ್ದು ಇದೇ. 1957ರಲ್ಲಿ ಸೊರಬ ತಾಲೂಕಿನ ಕ್ಯಾಸನೂರು ಕಾಡಿನಲ್ಲಿ ಮಂಗಗಳು ಸಾಲಾಗಿ ಸತ್ತವು, ಸುತ್ತಲಿನ ಹಳ್ಳಿಯವರು ಜ್ವರಕ್ಕೆ ಬಿದ್ದರು. ಮೊದಲಿಗೆ ಹಳದಿ ಜ್ವರ ಇರಬಹುದಾ ಅಂತ ಅನುಮಾನ ಬಂದಿತ್ತು. ಪುಣೆಯ ವೈರಸ್ ಸಂಶೋಧನಾ ಕೇಂದ್ರದವರು ಪತ್ತೆ ಮಾಡಿದ್ದು ಬೇರೆಯದೇ ವೈರಸ್, ಹರಡುವುದು ಉಣುಗು, ಅಂದರೆ ರಕ್ತ ಹೀರುವ ಉಣ್ಣೆ. ಇವತ್ತಿಗೂ ಕಾಯಿಲೆ ಬಂದ ನೂರರಲ್ಲಿ ಮೂರರಿಂದ ಐದು ಜನ ಸಾಯುತ್ತಾರೆ. 2018ರ ಕೊನೆಗೆ ಸಾಗರ ತಾಲೂಕಿನ ಅರಳಗೋಡಿನಲ್ಲಿ ಅದು ಮತ್ತೆ ಎದ್ದಾಗ ಊರಿಗೆ ಊರೇ ಕಂಗಾಲಾಗಿತ್ತು.

ಇದರಲ್ಲಿ ದನದ ಪಾತ್ರ ವಿಚಿತ್ರ. ದನಕ್ಕೆ ಈ ಕಾಯಿಲೆ ಬರುವುದಿಲ್ಲ ಅಂತಲೇ ಹೇಳಬಹುದು, ದನದಿಂದ ನೇರವಾಗಿ ನಮಗೂ ಬರುವುದಿಲ್ಲ. ಆದರೆ ಬೆಳೆದ ಉಣುಗಿಗೆ ದೊಡ್ಡ ಪ್ರಾಣಿಯ ರಕ್ತ ಬೇಕು. ಕಾಡಂಚಿನಲ್ಲಿ ಸುಲಭವಾಗಿ ಸಿಗುವ ದೊಡ್ಡ ಪ್ರಾಣಿ ನಮ್ಮ ದನವೇ. ಹೊಟ್ಟೆ ತುಂಬಿದ ಹೆಣ್ಣು ಉಣುಗು ಉದುರಿ ದರಗಿನಲ್ಲಿ, ಅಂದರೆ ಒಣಗಿ ಬಿದ್ದ ಎಲೆಯಲ್ಲಿ, ಸಾವಿರಾರು ಮೊಟ್ಟೆ ಇಡುತ್ತದೆ. ಮರಿಗಳು ಇಲಿ, ಹಕ್ಕಿ, ಮಂಗ ಹತ್ತುತ್ತವೆ. ಮಳೆ ಕಳೆದ ಮೇಲೆ, ನವೆಂಬರ್‌ನಿಂದ ಮೇವರೆಗೆ, ಎಳ್ಳಿನಷ್ಟೇ ಇರುವ ಎಳೆ ಉಣುಗುಗಳು ಮನುಷ್ಯರನ್ನು ಹಿಡಿಯುತ್ತವೆ. ನಾವು ಅಡಿಕೆ ತೋಟಕ್ಕೂ ಕೊಟ್ಟಿಗೆಗೂ ದರಗು ಗುಡಿಸುವುದು ಆಗಲೇ ಅಲ್ವಾ. ಕಾಡು ಕಡಿದು ದನ ನುಗ್ಗಿಸಿದ್ದರಿಂದ ಉಣುಗು ಹೆಚ್ಚಿತು ಅಂತ ಕೊಲಂಬಿಯಾದ ವಿಜ್ಞಾನಿ ಬೋಷೆಲ್ 1969ರಲ್ಲೇ ಬರೆದಿದ್ದರು. ನಾನು ಹೊಸದೇನೂ ಹೇಳುತ್ತಿಲ್ಲ, ಕನ್ನಡದಲ್ಲಿ ಹೇಳುತ್ತಿದ್ದೇನೆ ಅಷ್ಟೇ.

ಮಂಗ ಅರಣ್ಯ ಇಲಾಖೆಯದ್ದು, ದನ ಪಶುಪಾಲನಾ ಇಲಾಖೆಯದ್ದು, ಜ್ವರ ಆರೋಗ್ಯ ಇಲಾಖೆಯದ್ದು. ಉಣುಗು ಯಾರದ್ದು? ಮನುಷ್ಯ, ಪ್ರಾಣಿ, ಕಾಡು ಎಲ್ಲದರ ಆರೋಗ್ಯವನ್ನೂ ಒಟ್ಟಿಗೆ ನೋಡುವುದಕ್ಕೆ ಸಭೆಗಳಲ್ಲಿ ಈಗ 'ಒನ್ ಹೆಲ್ತ್' ಅನ್ನುತ್ತಾರೆ. ಹೆಸರು ಚೆನ್ನಾಗಿದೆ. ಸತ್ತ ಮಂಗನ ಪೋಸ್ಟ್‌ಮಾರ್ಟಂಗೆ ಕರೆ ಬರುವುದು ಮಾತ್ರ ನಮ್ಮಂಥ ದನದ ಡಾಕ್ಟರಿಗೇ.

ಉಣುಗು ಸಾಯಲಿ ಅಂತ ದನಕ್ಕೆ ಐವರ್ಮೆಕ್ಟಿನ್ ಔಷಧಿ ಚುಚ್ಚಿದರೆ ಮುಗೀತಲ್ಲ ಅನ್ನುವವರಿದ್ದಾರೆ. ಮುಗಿಯುವುದಿಲ್ಲ. ಆ ಔಷಧಿ ಸಗಣಿಯಲ್ಲೂ ಹೊರಬೀಳುತ್ತದೆ, ಅಲ್ಲಿ ಬದುಕುವ ಸಗಣಿ ಹುಳುಗಳಿಗೂ ಕುತ್ತು. ಹಾಲು ಕೊಡುವ ಹಸುವಿಗೆ ಅದನ್ನು ಹಾಕುವಂತೆಯೂ ಇಲ್ಲ. ಕಾಯಿಲೆ ಎದ್ದಿರುವ ಊರಲ್ಲಿ ನಾನು ಹುಳುವಿನ ಮುಖ ನೋಡುವುದಿಲ್ಲ, ಮನುಷ್ಯರ ಜೀವ ಮೊದಲು. ಬೇರೆ ಕಡೆ ಸುಮ್ನೆ ವರ್ಷಪೂರ್ತಿ ಚುಚ್ಚುವುದಕ್ಕೆ ನನ್ನ ಒಪ್ಪಿಗೆ ಇಲ್ಲ.

ಕಂದು ರೋಗದ, ಅಂದರೆ ದನ ಗರ್ಭ ಹಾಕುವ ಬ್ರುಸೆಲ್ಲೋಸಿಸ್‌ನ ವಿಷಯ ಚಿಕ್ಕದಾಗಿ ಹೇಳಿಬಿಡುತ್ತೇನೆ. ಹಸು ದಿನ ತುಂಬುವ ಮೊದಲೇ ಕರು ಹಾಕಿದರೆ ಬರಿಗೈಯಲ್ಲಿ ಮಾಸು ಮುಟ್ಟಬೇಡಿ. ಅದೇ ರೋಗಾಣು ನಮಗೆ ಬಿಟ್ಟು ಬಿಟ್ಟು ಬರುವ ಜ್ವರ, ಕೀಲುನೋವು ತರುತ್ತದೆ. ಹೆಣ್ಣುಗರುಗಳಿಗೆ ನಾಲ್ಕರಿಂದ ಎಂಟು ತಿಂಗಳೊಳಗೆ ಒಂದು ಲಸಿಕೆ ಹಾಕಿಸಿ. ಹಸಿ ಹಾಲು ಕುಡಿಯುವ ಚಪಲ ಬಿಡಿ.

ಕೆಲವರು ಇಷ್ಟು ಕೇಳಿ, "ಹಾಗಾದ್ರೆ ದನ ಸಾಕೋದೇ ಬಿಡ್ಬೇಕಾ?" ಅನ್ನುತ್ತಾರೆ. ಯಾಕೆ ಬಿಡಬೇಕು? ದನ ಬಿಟ್ಟರೆ ತೋಟಕ್ಕೆ ಗೊಬ್ಬರ ಎಲ್ಲಿಂದ? ಮಂಗ ಸತ್ತ ಜಾಗದ ಕಡೆ ಮೇಯಲು ಹೊಡೆಯಬೇಡಿ, ಅಲ್ಲಿಂದ ದರಗು ತರಬೇಡಿ. ಸತ್ತ ಮಂಗ ಕಂಡರೆ ಹತ್ತಿರ ಹೋಗದೆ ಆರೋಗ್ಯ ಕೇಂದ್ರಕ್ಕೋ ಫಾರೆಸ್ಟ್‌ನವರಿಗೋ ಫೋನ್ ಮಾಡಿ. ಕಾಡಿಗೆ ಹೋಗುವ ಮುಂಚೆ ಉಣುಗು ಹತ್ತದ ಹಾಗೆ ಡೆಪಾ ಎಣ್ಣೆ ಹಚ್ಚಿಕೊಳ್ಳಿ. ಬಂದ ಮೇಲೆ ಬಟ್ಟೆ ಬಿಸಿನೀರಿಗೆ ಹಾಕಿ, ನೀವು ಬಚ್ಚಲಿಗೆ ಹೋಗಿ. ಕಂಕುಳು, ತೊಡೆಸಂದು, ಕಿವಿಯ ಹಿಂದೆ ಸರಿಯಾಗಿ ನೋಡಿಕೊಳ್ಳಿ.